ಗುರುವಾರದ ಮನೆ

ಮೈನಸ್ ಹದಿನೆಂಟರಲ್ಲಿ ಪೆನ್ನು ಬರೆಯುವುದಿಲ್ಲ.
ಶಾಯಿಗೂ ಸೆಡೆತ. ಪೆನ್ಸಿಲ್ಲೇ ಗತಿ.
ಹಾಗಾಗಿ ಬಂಗುಡೆ ಪೆಟ್ಟಿಗೆಯ ರಟ್ಟು ಹರಿದು
ಪೆನ್ಸಿಲ್ಲಿನಲ್ಲೇ ಹಿಮಾಲಯ ಬರೆದುಕೊಟ್ಟ ಫುರ್ಬ,
ಶುವೈಖ್ ಬಂದರಿನ ಕೋಲ್ಡ್ ಸ್ಟೋರೇಜಿನೊಳಗೆ,
ಹೊರಗೆ ಐವತ್ತು ಡಿಗ್ರಿ ಬಿಸಿಲು
ಕಂಟೇನರುಗಳ ಬೆನ್ನು ಸುಡುತ್ತಿದ್ದಾಗ.

ಗೆರೆ ಏರಿತು, ಇಳಿಯಿತು, ಮತ್ತೆ ಏರಿತು.
"ಇಷ್ಟೇ ಕುಂದರ್ ಭಾಯ್. ಏಳು ದಿನ."

ನಾನು ಉಚ್ಚಿಲದವನು. ಹುಟ್ಟಿದ್ದು ಕಡಲ ಮಟ್ಟದಲ್ಲಿ,
ದುಡಿಯುವುದೂ ಕಡಲ ಮಟ್ಟದಲ್ಲೇ.
ನಲವತ್ತೇಳು ವರ್ಷದಲ್ಲಿ ಈ ಕಾಲು ಹತ್ತಿದ ಅತಿ ಎತ್ತರ
ಅಬ್ಬಾಸಿಯಾದ ಐದನೇ ಮಾಳಿಗೆ,
ಲಿಫ್ಟು ಕೆಟ್ಟ ದಿನ, ಹೆಗಲ ಮೇಲೆ ಗ್ಯಾಸ್ ಸಿಲಿಂಡರ್.

ಲೆಕ್ಕ ಅವನೇ ಹಾಕಿದ.
ಒಂದು ದಿನಾರಿಗೆ ಹಾಸಿಗೆ, ಕಂಬಳಿ ಎರಡು.
ಬೇಳೆ ಅನ್ನ ಕೇಳಿದಷ್ಟು ಸಲ ಬಡಿಸುತ್ತಾರೆ, ದುಡ್ಡು ಒಂದೇ ಸಲ.
ಬೇಯಿಸಿದ ಆಲೂಗಡ್ಡೆ, ಉಪ್ಪು ಹಾಕಿದ ಚಹಾ.
ಗೈಡ್ ಯಾಕೆ? ಹೇಸರಗತ್ತೆಯ ಲದ್ದಿ ಹಿಡಿದು ನಡೆ,
ಅದು ಊರಿಗೇ ಹೋಗಿ ಮುಟ್ಟುತ್ತದೆ.

"ಜನ?"
"ಜನ ಎಲ್ಲ ದೊಡ್ಡ ಬೆಟ್ಟಕ್ಕೆ ವಿಮಾನದಲ್ಲಿ ಹಾರುತ್ತಾರೆ.
ಕೆಳಗೆ ದಾರಿ ಮಾತ್ರ ಉಳಿದಿದೆ."
"ದೊಡ್ಡ ಬೆಟ್ಟ ಕಾಣುತ್ತದಾ?"
ಕೈಗವಸು ಕಳಚಿ ಕಿರುಬೆರಳ ಉಗುರು ತೋರಿಸಿದ.
"ಮೂರನೇ ಬೆಳಿಗ್ಗೆ. ಮೋಡ ಇಲ್ಲದಿದ್ದರೆ. ಇಷ್ಟು."

ಅವರಲ್ಲಿ ಮಗುವಿಗೆ ಹುಟ್ಟಿದ ವಾರದ ಹೆಸರು.
ಫುರ್ಬ ಅಂದರೆ ಗುರುವಾರ.
"ರಜೆಗೆ ಒಂದು ದಿನ ಮೊದಲೇ ಹುಟ್ಟಿಬಿಟ್ಟೆ" ಎಂದು ನಗುತ್ತಾನೆ,
ಹುಬ್ಬಿನ ಮೇಲೆ ಹಿಮದ ಪುಡಿ.
ರಟ್ಟಿನಲ್ಲಿ ಊರುಗಳ ಹೆಸರಿಲ್ಲ, ವಾರಗಳಿವೆ:
ಮೊದಲ ರಾತ್ರಿ ಚಿಕ್ಕಮ್ಮ ಮಂಗಳವಾರ,
ಒಲೆಯ ಹೊಗೆ ಜಾಸ್ತಿ, ಬಾಗಿಲ ಹತ್ತಿರ ಮಲಗು.
ಮಾರನೆಯದು ಅಣ್ಣ ಬುಧವಾರ, ಕಿವಿ ಮಂದ, ಜೋರಾಗಿ ಕೂಗು.
ತೂಗುಸೇತುವೆಯ ಆಚೆ ಭಾನುವಾರ ಇದ್ದಳು. ಈಗಿಲ್ಲ.
ಅಲ್ಲಿ ಮಂತ್ರ ಕೆತ್ತಿದ ಕಲ್ಲುಗಳ ಗೋಡೆ ಇದೆ,
ಅದು ಬಲಗೈಗೆ ಬರುವಂತೆ ದಾಟು.
ಶನಿವಾರ ಮಲೇಷಿಯಾದಲ್ಲಿ. ಮನೆಗೆ ಬೀಗ.
ಜಗಲಿಯಲ್ಲಿ ಕೂತು ನೀರು ಕುಡಿ, ಯಾರೂ ಏನೂ ಅನ್ನುವುದಿಲ್ಲ.

ಮನೆಗೆ ಇನ್ನೂ ಹೇಳಿಲ್ಲ.
ಎರಡು ವರ್ಷಕ್ಕೊಮ್ಮೆ ರಜೆ. ರಜೆ ಅಂದರೆ ಊರು,
ಊರು ಅಂದರೆ ಹಗ್ಗ ಬಿಗಿದ ಪೆಟ್ಟಿಗೆ:
ಹಾಲಿನ ಪುಡಿ, ಕೊಡಲಿ ಮಾರ್ಕಿನ ಎಣ್ಣೆ, ಬಾದಾಮಿ,
ನಾದಿನಿಯ ಮಗನಿಗೆ ಬೂಟು.
ಅದರಲ್ಲಿ ಒಂಬತ್ತು ದಿನ ಕದ್ದು
ಯಾರಿಗೂ ಏನೂ ಹೊರದೆ
ಯಾರದೋ ಬೆಟ್ಟ ಹತ್ತುತ್ತೇನೆಂದರೆ
ಸುಗಂಧಿ ಏನು ಕೇಳುತ್ತಾಳೆಂದು ಗೊತ್ತು. ಉತ್ತರ ಗೊತ್ತಿಲ್ಲ.
ಹದಿನೇಳು ವರ್ಷ ಹಿಮವನ್ನು
ಕಿಲೋ ಲೆಕ್ಕದಲ್ಲಿ ನೋಡಿದ್ದೇನೆ ಮಾರಾಯ್ತಿ,
ಯಾರೂ ತೂಗದ್ದನ್ನು ಒಮ್ಮೆ...
ಅಲ್ಲಿಗೇ ನಿಲ್ಲುತ್ತದೆ ಮಾತು.

"ನಿನ್ನ ಮನೆಗೆ ಏನು ಒಯ್ಯಲಿ?"
ನಾಲ್ಕನೆಯ ಏರಿನ ತುದಿಗೆ ಒಂದು ಚೌಕ ಬರೆದ,
ಅದಕ್ಕೆ ಬಾಗಿಲು ಬರೆದ, ಅಳಿಸಿ ದೊಡ್ಡದು ಬರೆದ.
"ಏನೂ ಬೇಡ. ಮಗನಿಗೆ ಮೂರು ವರ್ಷ. ಅವನೂ ಗುರುವಾರವೇ.
ಫೋನಿನಲ್ಲಿ ನನ್ನನ್ನು ಮಾವ ಅನ್ನುತ್ತಾನೆ.
ಬಾಗಿಲಲ್ಲಿ ನಿಂತು ನನ್ನ ಹೆಸರು ಹಿಡಿದು ಕರಿ.
ಒಳಗಿನಿಂದ ಓ ಅನ್ನುತ್ತಾನೆ. ಅಷ್ಟು ಸಾಕು."

ಪಾಳಿ ಮುಗಿಸಿ ಪ್ಲಾಸ್ಟಿಕ್ ಪರದೆ ಸರಿಸಿದರೆ
ಕನ್ನಡಕಕ್ಕೆ ಒಮ್ಮೆಲೇ ಮಂಜು ಕವಿಯುತ್ತದೆ.
ಒರೆಸಿಕೊಳ್ಳದೆ ಹತ್ತು ಹೆಜ್ಜೆ ನಡೆದು ನೋಡುತ್ತೇನೆ ಈಚೀಚೆಗೆ.

ನಿನ್ನೆ, ರ‍್ಯಾಕುಗಳ ನಡುವೆ ಒಬ್ಬನೇ ಇದ್ದೇನೆಂದುಕೊಂಡು,
ಮೆಲ್ಲಗೆ ಅಭ್ಯಾಸ ಮಾಡಿದೆ: ಫುರ್ಬ.
ಇಪ್ಪತ್ತಮೂರನೇ ಸಾಲಿನಾಚೆ,
ಬ್ರೆಜಿಲ್ ಕೋಳಿಗಳ ಪೆಟ್ಟಿಗೆಗಳ ಹಿಂದಿನಿಂದ
ಓ ಎಂದಿತು
ದೊಡ್ಡವನ ದನಿ.